ಹೂಂಕು

ಅಪ್ಪ ರೈಲ್ವೆ ಕೀಮ್ಯಾನು. ಅರಸೀಕೆರೆ ಜಂಕ್ಷನ್ನಿನಿಂದ
ಹಬ್ಬನಘಟ್ಟದ ಕಡೆಗೆ ದಿನವೂ ಹಳಿಗುಂಟ ನಡಿಗೆ.
ಹೆಗಲ ಮೇಲೆ ಸುತ್ತಿಗೆ, ಕಂಕುಳಲ್ಲಿ ಕೆಂಪು ಬಾವುಟ.
ಬೇಸಿಗೆ ರಜದಲ್ಲಿ ಹಿಂದೆ ನಾನು, ಬುತ್ತಿ ಹೊತ್ತು
ಸ್ಲೀಪರಿನಿಂದ ಸ್ಲೀಪರಿಗೆ ಕುಪ್ಪಳಿಸುತ್ತ.

'ಇನ್ನೆಷ್ಟು ದೂರಪ್ಪ?' ಅಂದರೆ
ಕಿಲೋಮೀಟರಿನ ಕಲ್ಲು ನೋಡುತ್ತಿರಲಿಲ್ಲ.
'ಇನ್ನು ಹದಿನಾಲ್ಕು ಹೂಂಕು' ಅನ್ನುವನು.

ಜೋಡಿಹೊಳೆ ಅಂತೊಂದು ಸೀಮೆ.
ಅಲ್ಲಿ ಎರಡು ಕಬ್ಬಿಣದ ಹೊಳೆ ಪಕ್ಕಪಕ್ಕ ಹರಿದು
ಎಂದೂ ಕೂಡುವುದಿಲ್ಲ.
ಮೀನಿನ ಬದಲು ಅವುಗಳಲ್ಲಿ ಬಿಸಿಲು ಈಜುತ್ತದೆ.
ಆ ಸೀಮೆಯಲ್ಲಿ ಮಾರಿಲ್ಲ, ಹರದಾರಿಯಿಲ್ಲ, ಗಾವುದವಿಲ್ಲ.
ದಾರಿ ಅಳೆಯಲು ಇಬ್ಬರು ಬೇಕು:
ಕತೆ ಹೇಳುತ್ತ ಮುಂದೊಬ್ಬ, ಹೂಂಗುಟ್ಟುತ್ತ ಹಿಂದೊಬ್ಬ.
ಒಂದು ಹೂಂನಿಂದ ಇನ್ನೊಂದು ಹೂಂವರೆಗೆ
ನಡೆದದ್ದು ಒಂದು ಹೂಂಕು.

ಕತೆ ಸೊಗಸಾಗಿದ್ದರೆ ಹಿಂದಿನವ ಹೂಂ ಅನ್ನುವುದನ್ನೇ ಮರೆಯುತ್ತಾನೆ;
ಹೂಂಕು ಉದ್ದವಾಗಿ ಊರು ಹತ್ತಿರವಾಗುತ್ತದೆ.
ಅದಕ್ಕೇ ಅಲ್ಲಿನ ಗಾಡಿ ವ್ಯಾಪಾರದವರು ಒಳ್ಳೆ ಕತೆಗಾರನಿಗೆ
ಎತ್ತಿಗಿಂತ ಹೆಚ್ಚು ಬೆಲೆ ಕಟ್ಟುತ್ತಾರೆ.
ಶಾನುಭೋಗ ಮಾತ್ರ
ಸೀಮೆಗೆಲ್ಲ ಸಪ್ಪೆ ಬಾಯಿಯವನನ್ನು ಹುಡುಕಿ ತರುತ್ತಾನೆ.
ಅವನು ತನ್ನ ಹಲ್ಲುನೋವಿನ ಕತೆ ಹೇಳುತ್ತ ಹೊಲ ಸುತ್ತಿದರೆ
ಕೇಳುವವನು ಬೇಗ ಮುಗೀಲಪ್ಪ ಅಂತ ಹೂಂ ಹೂಂ ಹೂಂ...
ಅಂಗೈಯಗಲದ ಹೊಲ ನೂರು ಹೂಂಕಾಗಿ
ಕಂದಾಯ ಏರುತ್ತದೆ.

'ಒಬ್ಬನೇ ನಡೆದರೆ?'
ಸಡಿಲ ಕೀಲಿಗೆ ಎರಡು ಪೆಟ್ಟು ಹಾಕಿ ಅಪ್ಪ ಹೇಳಿದ:
'ಒಬ್ಬನೇ ನಡೆದವನು ಎಷ್ಟು ನಡೆದ ಅಂತ
ಆ ಸೀಮೆಯ ಯಾವ ಪುಸ್ತಕದಲ್ಲೂ ಬರೆದಿಲ್ಲ.'
ರಜ ಮುಗಿದ ಮೇಲೆ ಹತ್ತು ತಿಂಗಳು
ಅವನು ಒಬ್ಬನೇ ನಡೆಯುತ್ತಿದ್ದ.
ಇದು ನನಗೆ ಹೊಳೆದದ್ದು ಮೊನ್ನೆ ಮೊನ್ನೆ.

ಈಗ ನಾನು ಹಾಸನ ತಾಲ್ಲೂಕಿನ ಸರ್ವೆಯರು.
ಕೌಶಿಕದಾಚೆ ಒಂದು ಬದುವಿನ ವ್ಯಾಜ್ಯ.
ಅಣ್ಣ ಈರಭದ್ರ, ತಮ್ಮ ಷಡಕ್ಷರಿ,
ಒಂಬತ್ತು ವರ್ಷದಿಂದ ಮಾತಿಲ್ಲ.
ನನ್ನ ಯಂತ್ರ ಆಕಾಶವನ್ನು ಕೇಳಿ ಹೇಳಿತು:
ಹದಿನೇಳು ಮೀಟರು, ಚುಕ್ಕಿಯ ಆಚೆ ಮೂರಂಕಿ.
ಅಣ್ಣ ನನಗೆಂದೇ ಹೇಳುತ್ತ ಬದುವಿನ ಮೇಲೆ ನಡೆದ.
ಈ ಹುಣಸೆಯ ಬೇರು ಅವರಪ್ಪ ಕಡಿದದ್ದು,
ಬೇರಿನಡಿ ಕೇರೆಹಾವು ಎದ್ದದ್ದು,
ಕೊಡಲಿ ಬಿಸಾಕಿ ಅಪ್ಪ ಸಗಣಿಗುಂಡಿಗೆ ಹಾರಿದ್ದು,
ಅವ್ವ ಮೂಗು ಮುಚ್ಚಿ ನೀರು ಹುಯ್ದದ್ದು...

'ಹೂಂ' ಅಂದ ಹಿಂದಿನಿಂದ ತಮ್ಮ, ತನಗೇ ತಿಳಿಯದೆ.
ಅಣ್ಣ ತಿರುಗಲಿಲ್ಲ. ಹೆಜ್ಜೆ ಮಾತ್ರ ನಿಧಾನವಾಯಿತು.

ನಕ್ಷೆಯಲ್ಲಿ ಮೀಟರು ಬರೆದೆ, ಕಲ್ಲು ನೆಡಿಸಿದೆ.
ವ್ಯಾಜ್ಯ ತೀರಿತು ಅನ್ನಲಾರೆ, ಹದಿನೆಂಟಕ್ಕೆ ಕೋರ್ಟಿನ ವಾಯಿದೆ ಇದೆ.
ಪುಸ್ತಕದ ಅಂಚಿಗೆ ಪೆನ್ಸಿಲಿನಲ್ಲಿ, ಅಳಿಸಿದರೆ ಅಳಿಸಲಿ ಅಂತ, ಗೀಚಿದೆ:
೧ ಹೂಂಕು.

ಅಪ್ಪನಿಗೀಗ ಕಿವಿ ಕೇಳಿಸದು.
ಮೂವತ್ತೆರಡು ವರ್ಷದ ಸುತ್ತಿಗೆ, ಗೂಡ್ಸುಗಳ ಕೂಗು
ಎಲ್ಲ ಸೇರಿ ಒಳಗೆ ಬಾಗಿಲು ಹಾಕಿಕೊಂಡಿವೆ.
ಭಾನುವಾರ ಕಂತೇನಹಳ್ಳಿ ಕೆರೆಯ ಏರಿ ಮೇಲೆ ನಡೆಯುತ್ತೇವೆ.
ಮುಂದೆ ಅವನು. ಜೋಡಿಹೊಳೆಯ ರಾಣಿಯ ಉಪ್ಪಿನ ಗಡಿಗೆ ಕಳುವಾಗಿದೆ,
ಕಳ್ಳ ಅರಮನೆಯಲ್ಲೇ ಇದ್ದಾನೆ.
ಏಳು ಹೆಜ್ಜೆಗೊಮ್ಮೆ ತಿರುಗಿ ನನ್ನ ಬಾಯಿ ನೋಡುತ್ತಾನೆ,
ತುಟಿ ಕೂಡಿತೋ ಇಲ್ಲವೋ.
ಹಾಗಾಗಿ ಈಗ ಎಂಥ ಕತೆಗೂ ಹೂಂಕು ಏಳೇ ಹೆಜ್ಜೆ.

ನಿನ್ನೆ ಬೇಕೆಂದೇ ತುಟಿ ಕೂಡಿಸಲಿಲ್ಲ.
ಅಪ್ಪ ನಿಂತ. ಕಳ್ಳ ನಿಂತ. ಗಡಿಗೆಯೂ ನಿಂತಿತು.
ತೂಬಿನವರೆಗೆ, ತೂಬಿನಾಚೆ ಹಳಿಯವರೆಗೆ
ಏರಿ ಅಳತೆಯಿಲ್ಲದೆ ಬಿದ್ದಿತ್ತು.

ಹೂಂ ಅಂದೆ, ಜೋರಾಗಿ.
ಆಚೆ ದಡದಲ್ಲಿ ಬಟ್ಟೆ ಒಗೆಯುತ್ತಿದ್ದವಳು
ತಲೆಯೆತ್ತಿ ನೋಡಿದಳು.